ನಟನ ಕಾಲಡಿಯ ಗೂಡು

ಯೇವ್ಲೆ, 9 ಸೆಪ್ಟೆಂಬರ್ 1962

ಪ್ರಿಯ ವೆಂಡ್ಲಾ,

ಒಂಬತ್ತು ವರ್ಷ ಆದ ಮೇಲೆ ಬರೆಯುತ್ತಿದ್ದೇನೆ. ಲಕೋಟೆ ಮೇಲಿನ ಅಕ್ಷರ ನೋಡಿಯೇ ಇದನ್ನು ಒಲೆಗೆ ಹಾಕದೆ ಇಲ್ಲಿಯವರೆಗೆ ಓದಿದ್ದೀಯ ಎಂದರೆ ನನ್ನ ಪುಣ್ಯ. ನಿನ್ನ ವಿಳಾಸ ಕೊಟ್ಟವರು ಯಾರೆಂದು ಕೇಳಬೇಡ, ಅವರು ಹೇಳಕೂಡದು ಎಂದು ಆಣೆ ಹಾಕಿಸಿಕೊಂಡಿದ್ದಾರೆ.

ನಾನು ರಂಗಭೂಮಿ ಬಿಟ್ಟು ಮೂರು ವರ್ಷವಾಯಿತು. ಹೂಗುಚ್ಛ ಕೊಟ್ಟರು, ಗೋಡೆ ಗಡಿಯಾರ ಕೊಟ್ಟರು, ಭಾಷಣ ಮಾಡಿದರು. ಗಡಿಯಾರ ದಿನಕ್ಕೆ ಹತ್ತು ನಿಮಿಷ ಹಿಂದೆ ಬೀಳುತ್ತದೆ, ನನಗೂ ಅದಕ್ಕೂ ಚೆನ್ನಾಗಿ ಹೊಂದುತ್ತದೆ. ಹೀಗಿರುವಾಗ ಕಳೆದ ವಾರ ಆಸ್ತಾ ರೀಡೀನ್ ಎಂಬ ಹೊಸ ನಿರ್ದೇಶಕಿ ಮನೆಗೆ ಬಂದಳು. ಮೂವತ್ತೊಂದು ವರ್ಷ, ಪ್ಯಾಂಟು ಹಾಕುತ್ತಾಳೆ, ಕುರ್ಚಿ ಕೊಟ್ಟರೂ ಕಿಟಕಿಯ ಹಲಗೆಯ ಮೇಲೇ ಕೂರುತ್ತಾಳೆ. ಒಂದು ಹೊಸ ನಾಟಕ ಮೇಜಿನ ಮೇಲಿಟ್ಟು ಹೋದಳು. ಎಫ್ರಾಯಿಮ್ ಎಂಬ ಮುದುಕ, ದೀಪಸ್ತಂಭದ ಕಾವಲುಗಾರ. ಅವನ ಹೆಂಡತಿ ಎಲೀನ್ ಕಡಲು ಪಾಲಾಗಿದ್ದಾಳೆ. ಪರದೆ ಎದ್ದಾಗಿನಿಂದ ಬೀಳುವವರೆಗೆ ಅವನು ರಂಗದ ಮೇಲೇ ಇರುತ್ತಾನೆ. ಮುಕ್ಕಾಲು ಪಾಲು ಮಾತು ಅವನದೇ. ಓದಿ ಮುಗಿಸುವಷ್ಟರಲ್ಲಿ ನನ್ನ ಕಾಫಿ ಆರಿ ತಣ್ಣಗಾಗಿತ್ತು.

ಇಂಥ ಪಾತ್ರ ನನಗೆ ಇನ್ನೊಮ್ಮೆ ಬರುವುದಿಲ್ಲ ವೆಂಡ್ಲಾ. ಮಾಡುತ್ತೇನೆ ಎಂದೆ. ಆದರೆ ಮರೆತ ಮಾತು ಎತ್ತಿಕೊಡಲು ರಂಗದಂಚಿನ ಪ್ರಾಂಪ್ಟರ್ ಗೂಡಿನಲ್ಲಿ ವೆಂಡ್ಲಾ ನೊರೆಲ್ ಕೂರಬೇಕು ಎಂದೂ ಹೇಳಿದೆ. ಈಗ ಆ ಗೂಡನ್ನು ಯಾರೂ ಬಳಸುವುದಿಲ್ಲವಂತೆ, ಅದರ ತುಂಬ ಬಣ್ಣದ ಡಬ್ಬ ಇಟ್ಟಿದ್ದಾರಂತೆ. ಹಾಗಾದರೆ ಡಬ್ಬ ತೆಗೆಸಿ ಎಂದೆ.

ಹಳೆಯದು ಹಳೆಯದಾಯಿತು. ಆ ಸಂಜೆ ನಾವಿಬ್ಬರೂ ದಣಿದಿದ್ದೆವು. ಅದನ್ನು ಅಲ್ಲಿಗೇ ಬಿಡೋಣ. ಬರುತ್ತೀಯಾ?

ನಿನ್ನ ಹಳೆಯ ಸ್ನೇಹಿತ,
ಟೂರೆ ಲಿಂಡ್‌ಮಾರ್ಕ್


ಹೆರ್ನೊಸಾಂದ್, 20 ಸೆಪ್ಟೆಂಬರ್ 1962

ನಟ ಲಿಂಡ್‌ಮಾರ್ಕ್ ಅವರಿಗೆ,

ನಿಮ್ಮ ಪತ್ರ ತಲುಪಿತು. ನಾನೀಗ ಇಲ್ಲಿನ ಚಿತ್ರಮಂದಿರದಲ್ಲಿ ಟಿಕೆಟ್ ಕೊಡುತ್ತೇನೆ. ಇದೂ ಗೂಡೇ. ಆದರೆ ಗಾಜಿದೆ, ಕಾಲ ಬಳಿ ಹೀಟರ್ ಇದೆ, ಒಳಗೆ ಪರದೆಯ ಮೇಲಿನವರು ಯಾರೂ ಮಾತು ಮರೆಯುವುದಿಲ್ಲ.

ಇಬ್ಬರೂ ದಣಿದಿದ್ದೆವು ಎಂದು ಬರೆದಿದ್ದೀರಿ. ನಾನು ದಣಿದಿರಲಿಲ್ಲ. 1953ರ ಏಪ್ರಿಲ್ ಹದಿನೇಳು, ಮೊದಲ ಪ್ರದರ್ಶನ, ಮೂರನೆಯ ಅಂಕ. ಮನೆ ಬಿಟ್ಟು ಹೋಗಿದ್ದ ಮಗಳು ಬಾಗಿಲಾಚೆ ನಿಂತಿದ್ದಾಳೆ. ಅಪ್ಪನಾದ ನೀವು ಸ್ವಲ್ಪ ಹೊತ್ತು ಸುಮ್ಮನಿದ್ದು ಆಮೇಲೆ ಮಾತಾಡಬೇಕು. ಆ ಮೌನಕ್ಕೆ ನಾಲ್ಕು ಉಸಿರು ಎಂದು ನನ್ನ ಪುಸ್ತಕದಲ್ಲಿ ಪೆನ್ಸಿಲ್ ಗುರುತಿದೆ. ನಿಮ್ಮ ಬಾಯಿಂದಲೇ ಕೇಳಿ ಬರೆದುಕೊಂಡದ್ದು. ನಾನು ಏಳು ಉಸಿರಿನವರೆಗೆ ಕಾದೆ. ನಿಮ್ಮ ಎಡಗೈ ಹೆಬ್ಬೆರಳು ಕೋಟಿನ ಗುಂಡಿ ಹುಡುಕತೊಡಗಿತು. ಇಪ್ಪತ್ತೆರಡು ವರ್ಷ ನಿಮ್ಮ ಕಾಲಡಿ ಕೂತವಳಿಗೆ ಆ ಹೆಬ್ಬೆರಳಿನ ಅರ್ಥ ಗೊತ್ತಾಗುವುದಿಲ್ಲವೇ? ಮೆಲ್ಲಗೆ ಮಾತು ಎತ್ತಿಕೊಟ್ಟೆ: “ಬಾಗಿಲಿಗೆ ಚಿಲಕ ಹಾಕಿಲ್ಲ, ಒಳಗೆ ಬಾ.”

ನೀವು ಬಗ್ಗಿ ಗೂಡಿನತ್ತ ನೋಡಿ, ಸಭಾಂಗಣಕ್ಕೆಲ್ಲ ಕೇಳುವ ಹಾಗೆ, “ಇದು ನಾನು ಬೇಕಂತ್ಲೇ ಬಿಟ್ಟಿರೋ ಮೌನ, ನೊರೆಲ್ ಅವರೇ. ಮರೆತಿಲ್ಲ” ಎಂದಿರಿ. ಜನ ನಕ್ಕರು. ಆ ನಗು ಪತ್ರಿಕೆಯಲ್ಲೂ ಬಂತು. ಮರುದಿನ ತಂಡದವರೆಲ್ಲ ಕೂತಿದ್ದಾಗ, ಮೌನ ಯಾವುದು ಮರೆವು ಯಾವುದು ಎಂದು ತಿಳಿಯದವರು ಗೂಡಿನಲ್ಲಿ ಕೂರಬಾರದು ಎಂದಿರಿ. ಯಾರೂ ತುಟಿ ಬಿಚ್ಚಲಿಲ್ಲ. ನಾನು ಗೂಡಿನಲ್ಲಿದ್ದ ನನ್ನ ದಿಂಬು ತೆಗೆದುಕೊಂಡು ಹೊರಟೆ.

ಬರುವುದಿಲ್ಲ. ಡಬ್ಬಗಳನ್ನು ಅಲ್ಲೇ ಇಡಲು ಹೇಳಿ.

ವೆಂಡ್ಲಾ ನೊರೆಲ್


ಯೇವ್ಲೆ, 7 ಅಕ್ಟೋಬರ್ 1962

ಪ್ರಿಯ ವೆಂಡ್ಲಾ,

ನಿನ್ನ ಪತ್ರವನ್ನು ನಾಲ್ಕು ಸಲ ಓದಿದೆ. ನನ್ನನ್ನು ‘ನಟ ಲಿಂಡ್‌ಮಾರ್ಕ್ ಅವರು’ ಎಂದು ಕರೆದದ್ದು ತೆರಿಗೆ ಇಲಾಖೆ ಬಿಟ್ಟರೆ ನೀನೇ.

ಆ ದಿನದ ಬಗ್ಗೆ ನನಗೆ ಗೊತ್ತಿರುವ ಒಂದು ಸಂಗತಿ ಹೇಳುತ್ತೇನೆ. ಪರದೆ ಏಳುವ ಮುಂಚೆ, ಮೊದಲ ದಿನ ಒಳಿತಾಗಲೆಂದು ಕೊಡುವ ವಾಡಿಕೆಯಂತೆ, ನೀನು ನನ್ನ ಹಿಂಭಾಗಕ್ಕೆ ಒಂದು ಒದೆ ಕೊಟ್ಟೆ. ನಾನು ಏನೋ ಯೋಚಿಸುತ್ತಿದ್ದೆ, ಬಾಯಿತಪ್ಪಿ ಥ್ಯಾಂಕ್ಸ್ ಎಂದುಬಿಟ್ಟೆ. ನಲವತ್ತೆರಡು ವರ್ಷ ರಂಗದ ಮೇಲಿದ್ದವನು ಮಾಡುವ ತಪ್ಪೇ ಅದು? ಮೊದಲ ದಿನದ ಒದೆಗೆ ಥ್ಯಾಂಕ್ಸ್ ಹೇಳಿದರೆ ಅದರ ಶುಭವೆಲ್ಲ ಸೋರಿಹೋಗುತ್ತದೆಂದು ಟೀ ತರುವವರಿಗೂ ಗೊತ್ತು. ಆ ಸಂಜೆ ಕೆಟ್ಟದ್ದು ಅಲ್ಲಿಂದಲೇ.

ನಿನಗೆ ನೆನಪಿದೆಯೇ, 1931ರ ಬೇಸಿಗೆಯಲ್ಲಿ ನೀನು ಹೊಸದಾಗಿ ಬಂದಾಗ ನಾವು ಊರೂರಿನ ಉದ್ಯಾನಗಳಲ್ಲಿ ಆಡುತ್ತಿದ್ದೆವು. ಅಲ್ಲಿ ಗೂಡು ಇರಲಿಲ್ಲ. ನಿನ್ನನ್ನು ಒಂದು ಹೆರ್ರಿಂಗ್ ಮೀನಿನ ಪೀಪಾಯಿಯೊಳಗೆ ಕೂರಿಸಿ ರಂಗದ ಪಕ್ಕ ಇಟ್ಟಿದ್ದೆವು. ಮೂರು ವಾರ ನಿನ್ನ ಜಡೆಯಿಂದ ಮೀನಿನ ವಾಸನೆ ಹೋಗಲಿಲ್ಲ. ನನ್ನಪ್ಪ ಪೀಪಾಯಿ ಮಾಡುವವನು ಎಂದು ಗೊತ್ತಾದಾಗ ನೀನು, “ಹಾಗಾದ್ರೆ ನಿಮ್ಮನೆ ಕಸುಬಿನಿಂದ ತಪ್ಪಿಸ್ಕೊಳ್ಳೋಕೆ ನಂಗೆ ಸಾಧ್ಯವೇ ಇಲ್ಲ ಬಿಡು” ಎಂದಿದ್ದೆ. ಅಪ್ಪ ನನ್ನನ್ನು ಪೀಪಾಯಿಗೆ ಹಚ್ಚಬೇಕೆಂದಿದ್ದ. ನಾನು ಹದಿನೇಳಕ್ಕೆ ಓಡಿಹೋಗಿ ನಾಟಕದಲ್ಲಿ ದೀಪ ಹಿಡಿದು ನಿಂತೆ. ಮಾತೇ ಇರಲಿಲ್ಲ, ದೀಪ ಆರಿಹೋಗದಂತೆ ನೋಡಿಕೊಂಡರೆ ಸಾಕಿತ್ತು. ಮೊದಲ ದಿನವೇ ಆರಿಸಿಬಿಟ್ಟೆ. ಈಗ ಎಫ್ರಾಯಿಮನ ಕೆಲಸವೂ ದೀಪ ಕಾಯುವುದೇ. ಬಾ ಮಾರಾಯ್ತಿ.

ಟೂರೆ


(ಬಂದರಿನ ಚಿತ್ರವಿರುವ ಕಾರ್ಡು)

ಹೆರ್ನೊಸಾಂದ್, 25 ಅಕ್ಟೋಬರ್ 1962

ಥ್ಯಾಂಕ್ಸ್ ಅಂದದ್ದು ನನಗೂ ಕೇಳಿಸಿತ್ತು. ಯಾರಿಗೂ ಹೇಳಲಿಲ್ಲ. ಆದರೆ ಆಮೇಲೆ ಆಡಿದ ಮಾತು ಒದೆಯಿಂದ ಬಂದದ್ದಲ್ಲ, ನಿಮ್ಮ ಬಾಯಿಂದ ಬಂದದ್ದು. ಇಲ್ಲಿ ಮೊದಲ ಹಿಮ ಬಿತ್ತು.

ವೆ. ನೊ.


ಯೇವ್ಲೆ, 2 ಡಿಸೆಂಬರ್ 1962

ವೆಂಡ್ಲಾ,

ತಮಾಷೆ ಸಾಕು. ಇದ್ದದ್ದು ಇದ್ದ ಹಾಗೆ ಬರೆಯುತ್ತೇನೆ.

ಜನವರಿಯಲ್ಲಿ ತಾಲೀಮು ಶುರು. ಎಫ್ರಾಯಿಮನ ಮಾತನ್ನು ಸಾಲು ಸಾಲಾಗಿ ಕತ್ತರಿಸಿ ಅಡುಗೆಮನೆಯ ತುಂಬ ಅಂಟಿಸಿದ್ದೇನೆ. ಮೊದಲ ಭಾಗ ಕಪಾಟಿನ ಮೇಲೆ, ಎರಡನೆಯದು ಒಲೆಯ ಹಿಂದೆ. ಮೊದಲಿನದು ಬರುತ್ತದೆ. ಒಲೆಯ ಹಿಂದಿನದನ್ನು ಬೆಳಗ್ಗೆ ಕಲಿತರೆ ಊಟದ ಹೊತ್ತಿಗೆ ಇರುವುದಿಲ್ಲ.

ಮೊನ್ನೆ ಮೂಲೆಯ ಬೇಕರಿಗೆ ಹೋದೆ. ದಿನಾ ತಿನ್ನುವ ಏಲಕ್ಕಿ ಬನ್ನು ಕೇಳಬೇಕು, ಹೆಸರೇ ಬರಲಿಲ್ಲ. ಎಣಿಸಲಾರದಷ್ಟು ಸಲ ಆಡಿದ ಮಾತು. ಬೇಕರಿಯ ಹೆಂಗಸು ಕಾದಳು. ಹಿಂದೆ ಸಾಲು ಬೆಳೆಯಿತು. ಬೆರಳು ತೋರಿಸಿ ಕೊಂಡು ಬಂದೆ. ಮನೆಗೆ ಬಂದು ಅದನ್ನು ತಿನ್ನಲಾಗಲಿಲ್ಲ, ತಟ್ಟೆಯಲ್ಲಿಟ್ಟು ನೋಡುತ್ತಾ ಕೂತೆ. ವೈದ್ಯರು ವಯಸ್ಸಾಯಿತು ಎನ್ನುತ್ತಾರೆ, ಅದನ್ನು ತಿಳಿಯಲು ಅವರ ಬಳಿ ಹೋಗಬೇಕಾಗಿರಲಿಲ್ಲ. ಕಿವಿಯೂ ಮೊದಲಿನ ಹಾಗಿಲ್ಲ.

ಆಸ್ತಾ ಒಳ್ಳೆಯವಳು. ಎಫ್ರಾಯಿಮನ ದಿನಚರಿಯ ಪುಸ್ತಕದೊಳಗೇ ಮಾತುಗಳನ್ನು ಬರೆದಿಡೋಣ ಎಂದಳು. ಆದರೆ ಕಾಗದಕ್ಕೆ ನನ್ನ ಉಸಿರು ಗೊತ್ತಿಲ್ಲ. ನಾನು ಯಾವಾಗ ಜಾರುತ್ತೇನೆಂದು ಅದು ಮೊದಲೇ ತಿಳಿಯುವುದಿಲ್ಲ. ನಿನಗೆ ತಿಳಿಯುತ್ತಿತ್ತು.

ಹೆದರಿಕೆಯಾಗಿದೆ. ರಂಗದ ಮೇಲೆ ಸಾಯಲು ಹೆದರಿಕೆಯಿಲ್ಲ, ರಂಗವಿಲ್ಲದೆ ಈ ಅಡುಗೆಮನೆಯಲ್ಲಿ ಕಾಗದದ ಚೂರುಗಳ ನಡುವೆ ಉಳಿದುಬಿಡುತ್ತೇನೇನೋ ಎಂದು ಹೆದರಿಕೆ. ನೀನು ಬರುವುದಿಲ್ಲವಾದರೆ ಲೂಸಿಯಾ ಹಬ್ಬದ ದಿನ ಆಸ್ತಾಗೆ ಆಗುವುದಿಲ್ಲ ಎಂದು ಹೇಳಿಬಿಡುತ್ತೇನೆ. ಹಬ್ಬ ಹದಿಮೂರಕ್ಕೆ, ಅಲ್ಲಿಯವರೆಗೆ ಕಾಯುತ್ತೇನೆ.

ಟೂರೆ


ಹೆರ್ನೊಸಾಂದ್, 9 ಡಿಸೆಂಬರ್ 1962

ಟೂರೆ,

ಬರುತ್ತೇನೆ.

ನಿನ್ನ ಮೇಲಿನ ಸಿಟ್ಟು ಇಳಿದು ಬರುತ್ತಿದ್ದೇನೆ ಎಂದುಕೊಳ್ಳಬೇಡ. ನಿನ್ನ ಪತ್ರ ಓದಿದ ದಿನ ಕೌಂಟರಿನಲ್ಲಿ ಒಬ್ಬರಿಗೆ ಎರಡು ಟಿಕೆಟ್ ಬದಲು ನಾಲ್ಕು ಹರಿದು ಕೊಟ್ಟೆ. ಇಡೀ ಸಂಜೆ ಆ ಬನ್ನಿನ ತಟ್ಟೆಯೇ ಕಣ್ಣ ಮುಂದಿತ್ತು. ಅಷ್ಟೇ ಕಾರಣ.

ಒಲೆಯ ಹಿಂದಿನ ಕಾಗದಗಳನ್ನು ಕಿತ್ತುಹಾಕು, ಬೆಂಕಿ ಹೊತ್ತಿಕೊಂಡೀತು. ಎರಡನೆಯ ಭಾಗವನ್ನು ನಡೆಯುತ್ತಾ ಕಲಿ, ನಿನಗೆ ಯಾವಾಗಲೂ ಕಾಲಿನಿಂದಲೇ ಮಾತು ಹತ್ತುತ್ತಿದ್ದದ್ದು. ಕೂತು ಕಲಿತದ್ದು ಒಂದೂ ನಿಂತಿಲ್ಲ. ಗೂಡನ್ನು ಸೋಡಾಪುಡಿ ಹಾಕಿ ತೊಳೆಸು. ದಿಂಬು ನಾನೇ ತರುತ್ತೇನೆ. ಭಾನುವಾರ ಮತ್ತು ಸೋಮವಾರ ಇಲ್ಲಿ ಚಿತ್ರಮಂದಿರದ ಕೆಲಸ ಬಿಡಲಾರೆ, ಉಳಿದ ದಿನ ಅಲ್ಲಿರುತ್ತೇನೆ.

ಇನ್ನೊಂದು ಮಾತು. ಆ ಸಂಜೆ ಅದು ಮೌನವೋ ಮರೆವೋ ಎಂದು ನೀನು ಈವರೆಗೂ ಬರೆದಿಲ್ಲ. ನಾನು ಕೇಳುವುದೂ ಇಲ್ಲ. ಕೇಳಿ ಹೇಳಿಸಿಕೊಂಡರೆ ಅದು ನಾನು ಗೂಡಿನಿಂದ ಕೊಟ್ಟ ಮಾತೇ ಆಗುತ್ತದೆ, ನಿನ್ನದಾಗುವುದಿಲ್ಲ.

ವೆಂಡ್ಲಾ


ಯೇವ್ಲೆ, 18 ಫೆಬ್ರವರಿ 1963

ಪ್ರಿಯ ವೆಂಡ್ಲಾ,

ಶನಿವಾರ ಪ್ರದರ್ಶನ ಮುಗಿದದ್ದೇ ನೀನು ದಿಂಬು ಕಂಕುಳಲ್ಲಿಟ್ಟುಕೊಂಡು ರೈಲಿಗೆ ಓಡಿದೆ. ಶುಕ್ರವಾರ, ಮೊದಲ ದಿನ, ಏನಾಯಿತೆಂದು ಇಬ್ಬರೂ ಮಾತಾಡಲೇ ಇಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಅರವತ್ತೆರಡು ವರ್ಷದ ಹೆಂಗಸು ಅಷ್ಟು ಜೋರಾಗಿ ಒದೆಯುತ್ತಾಳೆಂದು ಎಣಿಸಿರಲಿಲ್ಲ. ಇಂದಿಗೂ ಕೂರುವಾಗ ನೆನಪಾಗುತ್ತದೆ. ಥ್ಯಾಂಕ್ಸ್ ಜಾರದಂತೆ ಬಾಯಿ ಬಿಗಿಹಿಡಿದು ನಿಂತೆ, ಆಸ್ತಾ ಎದುರಿಗೆ ಬಂದು ಮೈಗೆ ಹುಷಾರಿಲ್ಲವೇ ಎಂದು ಕೇಳಿದಳು.

ಎರಡನೆಯ ಭಾಗದಲ್ಲಿ ದೀಪ ಹಚ್ಚಿ ಎಲೀನಳನ್ನು ಕರೆಯುವ ಜಾಗದಲ್ಲಿ ಎಲ್ಲ ಖಾಲಿಯಾಯಿತು. ಹೆಬ್ಬೆರಳು ಗುಂಡಿಯತ್ತ ಹೊರಟದ್ದು ನನಗೇ ತಿಳಿಯಿತು. ಗೂಡಿನಲ್ಲಿ ನಿನ್ನ ತುಟಿ ಆಡುತ್ತಿದೆ, ನನಗೆ ಕೇಳಿಸುತ್ತಿಲ್ಲ. ನೀನು ಇನ್ನೊಮ್ಮೆ ಎತ್ತಿಕೊಟ್ಟೆ, ಆಗಲೂ ಕೇಳಿಸಲಿಲ್ಲ. ಜೋರಾಗಿ ಕೊಟ್ಟರೆ ಮುಂದಿನ ಸಾಲಿನವರಿಗೆ ಕೇಳುತ್ತದೆಂದು ನೀನು ಹಿಡಿದುಕೊಂಡೆ ಎಂಬುದೂ ಗೊತ್ತಾಯಿತು. ಒಂಬತ್ತು ವರ್ಷದ ಹಿಂದಿನ ಸಂಜೆಯೇ ತಿರುಗಿ ಬಂದು ಎದುರಿಗೆ ನಿಂತ ಹಾಗಾಯಿತು. ಅಂದು ನೆಟ್ಟಗೆ ನಿಂತಿದ್ದೆ. ಮೊನ್ನೆ ರಂಗದ ಅಂಚಿಗೆ ನಡೆದು ಮಂಡಿಯೂರಿ, ಕಿವಿಗೆ ಕೈಯಿಟ್ಟು, ನಿನ್ನತ್ತ ಬಾಗಿದೆ. ಬಾಗುವಾಗ ಮತ್ತೆ ಏಳಲಾಗುತ್ತದೋ ಇಲ್ಲವೋ ಎಂಬ ಭಯ ಬೇರೆ.

ನೀನು ಮಾತು ಎತ್ತಿಕೊಟ್ಟೆ. ನಾನು ಎದ್ದು ಆಡಿದೆ.

ಪರದೆ ಬಿದ್ದ ಮೇಲೆ ಬೈಸಿಕೊಳ್ಳಲು ಸಿದ್ಧನಾಗಿದ್ದೆ. ಆಸ್ತಾ ಕಣ್ಣೊರೆಸಿಕೊಂಡು ಬಂದು, “ಅದನ್ನ ದಿನಾ ಮಾಡಿ. ಮಾತು ನೆನಪಿದ್ರೂ ಮಾಡಿ” ಎಂದಳು. ಪತ್ರಿಕೆ ನೋಡಿದೆಯಾ? ಮುದುಕ ಬಾಗಿ ಕಡಲಿನ ದನಿಗೆ ಕಿವಿಗೊಡುವ ಗಳಿಗೆಯಲ್ಲಿ ಸಭಾಂಗಣವೇ ಉಸಿರು ಬಿಗಿಹಿಡಿದಿತ್ತಂತೆ. ಕಡಲು ನೀನೇ ಕಣೇ. ಹಿಗ್ಗಬೇಡ.

ಟೂರೆ


ಹೆರ್ನೊಸಾಂದ್, 18 ಮಾರ್ಚ್ 1963

ಪ್ರಿಯ ಟೂರೆ,

ಲೆಕ್ಕ ಕೊಡುತ್ತೇನೆ. ಹದಿನಾಲ್ಕು ಪ್ರದರ್ಶನದಲ್ಲಿ ನೀನು ನಿಜವಾಗಿ ಮರೆತದ್ದು ಮೂರೇ ಸಲ. ನಡೆಯುತ್ತಾ ಕಲಿ ಎಂದದ್ದು ಕೇಳಿದ್ದರಿಂದ ಆದ ಲಾಭ. ಉಳಿದ ದಿನ ನೀನು ಬಾಗಿದಾಗ ಕೊಡಲು ನನ್ನ ಬಳಿ ಏನೂ ಇರುವುದಿಲ್ಲ, ಸುಮ್ಮನಿದ್ದರೆ ನಿನ್ನ ಮುಖ ಪೆಚ್ಚಾಗುತ್ತದೆ. ಅದಕ್ಕೇ ಬಾಯಿಗೆ ಬಂದದ್ದು ಹೇಳುತ್ತೇನೆ. ಕಳೆದ ಗುರುವಾರ “ಕ್ಯಾಂಟೀನಿನಲ್ಲಿ ಬಟಾಣಿ ಸಾರು ಸೀದಿದೆ” ಎಂದಾಗ ನಿನ್ನ ಭುಜ ಕುಲುಕಿತು. ಎರಡನೆಯ ಸಾಲಿನ ಹೆಂಗಸು ನೀನು ಅಳುತ್ತಿದ್ದೀಯ ಎಂದುಕೊಂಡು ತಾನೂ ಕರವಸ್ತ್ರ ತೆಗೆದಳು. ಇನ್ನು ಮೇಲೆ ನಗಬೇಡ.

ಆಸ್ತಾ ನನಗೆ ಯೇವ್ಲೆಯಲ್ಲೇ ಉಳಿಯಿರಿ ಎನ್ನುತ್ತಿದ್ದಾಳೆ. ಸೆಪ್ಟೆಂಬರಿನಿಂದ ಗೂಡು ಮತ್ತೆ ಬಳಕೆಗೆ ಬರುತ್ತದಂತೆ, ನಾನು ಒಬ್ಬಿಬ್ಬರಿಗೆ ಕೆಲಸ ಕಲಿಸಿಕೊಡಬೇಕಂತೆ. ಕೇಳಿ ಬಹಳ ಸಂತೋಷವಾಯಿತು, ಯೋಚಿಸಿ ಹೇಳುತ್ತೇನೆ ಎಂದೆ. ಆಮೇಲೆ ಮೆಟ್ಟಿಲ ಬಳಿ ಕೊನ್ರಾಡ್ ಎದುರಾದ. ಅದೇ, ಆಗಿನಿಂದಲೂ ನಿನ್ನ ಜೊತೆ ಪಾತ್ರ ಮಾಡುವ ಕೊನ್ರಾಡ್. ಆ ಮರುದಿನ ತುಟಿ ಬಿಚ್ಚದೆ ಕೂತವರಲ್ಲಿ ಆರು ಜನ ಇನ್ನೂ ಇದ್ದಾರೆ, ಅವನೂ ಒಬ್ಬ. ಬಹಳ ಮರ್ಯಾದೆಯಿಂದ ಟೊಪ್ಪಿ ತೆಗೆದು, ಎಲ್ಲೋ ನೋಡುತ್ತಾ ಹೋದ. ಅವರ ಪಾಲಿಗೆ ನಾನು ಈಗಲೂ ಮೌನ ತಿಳಿಯದ ಪ್ರಾಂಪ್ಟರ್. ಪಾಪ, ವಯಸ್ಸಾದ ಲಿಂಡ್‌ಮಾರ್ಕನಿಗೆ ಬೇರೆ ಯಾರೂ ಸಿಗದೆ ಕರೆಸಿಕೊಂಡಿದ್ದಾನೆ ಎಂದುಕೊಂಡಿರಬೇಕು. ಹಾಗೆ ಅಂದುಕೊಂಡವರ ನಡುವೆ ಹೋಗಿ ನಾನು ಯಾರಿಗೆ ಏನು ಕಲಿಸಲಿ?

ಏಪ್ರಿಲ್ ಆರಕ್ಕೆ ಕೊನೆಯ ಪ್ರದರ್ಶನ. ಆದ ಮೇಲೆ ನನ್ನ ಗಾಜಿನ ಗೂಡಿಗೆ ಮರಳುತ್ತೇನೆ ಎಂದೇ ಅಂದುಕೊಂಡಿದ್ದೇನೆ. ಅಲ್ಲಿ ಹೀಟರ್ ಇದೆ.

ವೆಂಡ್ಲಾ


ಯೇವ್ಲೆ, 1 ಏಪ್ರಿಲ್ 1963

ವೆಂಡ್ಲಾ,

ಹದಿನೈದು ದಿನದಿಂದ ನಿನಗೆ ಉತ್ತರ ಬರೆಯಲು ಕೂತು ಕೂತು ಎದ್ದಿದ್ದೇನೆ. ನಾಲ್ಕು ಹಾಳೆ ಹರಿದೆ. ನನಗೆ ಬರೆಯಲು ಬರುವುದಿಲ್ಲ, ಬೇರೆಯವರು ಬರೆದದ್ದನ್ನು ಆಡಲು ಬರುತ್ತದೆ, ಅಷ್ಟೇ.

ಶನಿವಾರ, ಕೊನೆಯ ಪ್ರದರ್ಶನದಲ್ಲಿ, ನಾನು ಬಾಗಿದಾಗ ನೀನು ಏನೂ ಹೇಳಬೇಡ. ಸಾರಿನ ವಿಷಯವೂ ಬೇಡ. ಸುಮ್ಮನಿರು.

ಟೂರೆ


ಹೆರ್ನೊಸಾಂದ್, 8 ಏಪ್ರಿಲ್ 1963

ನನ್ನ ಪ್ರೀತಿಯ ಟೂರೆ,

ಸುಮ್ಮನಿದ್ದೆ. ಪುಸ್ತಕವನ್ನೂ ಮುಚ್ಚಿ ತೊಡೆಯ ಮೇಲಿಟ್ಟುಕೊಂಡೆ.

ನೀನು ಅಂಚಿಗೆ ಬಂದು ಮಂಡಿಯೂರಿದೆ. ಕಿವಿಗೆ ಕೈಯಿಡಲಿಲ್ಲ, ಬಾಯಿಗೆ ಅಡ್ಡ ಹಿಡಿದೆ. “ಅವತ್ತು ಅದು ಮೌನ ಅಲ್ಲ ವೆಂಡ್ಲಾ. ನಾನು ಮರೆತಿದ್ದೆ. ನೀನು ಸರಿಯಾಗೇ ಹೇಳ್ಕೊಟ್ಟಿದ್ದೆ.” ಆಮೇಲೆ ಎದ್ದು ದೀಪದ ಕಡೆ ಹೋಗಿ, ಒಂದು ಮಾತೂ ತಪ್ಪದೆ ನಾಟಕ ಮುಗಿಸಿದೆ. ನನಗೆ ಪುಸ್ತಕ ತೆರೆಯಬೇಕಾಗಲಿಲ್ಲ. ತೆರೆದಿದ್ದರೂ ಕಣ್ಣು ಮಂಜಾಗಿ ಒಂದಕ್ಷರ ಕಾಣುತ್ತಿರಲಿಲ್ಲ. ಇಷ್ಟು ವರ್ಷ ನಾನು ಕಾದದ್ದು ಈ ಮೂರು ವಾಕ್ಯಕ್ಕೆ. ಕಾದೂ ಕಾದೂ, ಕಾಯುತ್ತಿದ್ದೇನೆ ಎಂಬುದೇ ನನಗೆ ಮರೆತುಹೋಗಿತ್ತು.

ಈಗ ನೀನು ತಿಳಿಯಬೇಕಾದ ಒಂದು ವಿಷಯ ಹೇಳುತ್ತೇನೆ. ಪರದೆ ಬಿದ್ದ ಮೇಲೆ ಕೋಟು ತೆಗೆದುಕೊಳ್ಳಲು ಹೋದೆ. ಪ್ರೇಕ್ಷಕರ ಕೋಟು ಕಾಯುವಾಕೆ ಬಾಲ್ಕನಿಯ ಕೊನೆಯ ಸಾಲಿನ ಹಿಂದೆ ನಿಂತು ನಾಟಕ ನೋಡಿದ್ದಳು. “ಎಫ್ರಾಯಿಮನ ಹೆಂಡ್ತಿ ಹೆಸರು ಎಲೀನ್ ಅಲ್ವಾ? ಈ ವೆಂಡ್ಲಾ ಯಾರು?” ಎಂದು ಕೇಳಿದಳು. ಬಾಲ್ಕನಿಯ ಕೊನೆಯ ಸಾಲಿಗೆ ಕೇಳಿಸಿದೆ ಎಂದರೆ ಐನೂರು ಜನಕ್ಕೂ ಕೇಳಿಸಿದೆ ಎಂದರ್ಥ. ರಂಗದ ಎರಡೂ ಬದಿಯಲ್ಲಿ ನಿಂತಿದ್ದ ತಂಡದವರಿಗಂತೂ ಒಂದಕ್ಷರ ಬಿಡದೆ ಕೇಳಿಸಿದೆ.

ಐವತ್ತು ವರ್ಷ ಬಾಲ್ಕನಿಗೆ ತಲುಪುವಂತೆ ಪಿಸುಗುಟ್ಟಿದವನು, ನಿನ್ನ ಪಿಸುಮಾತು ಎಲ್ಲಿಯವರೆಗೆ ಹೋಗುತ್ತದೆಂದು ನಿನಗೆ ಗೊತ್ತಿರಲಿಲ್ಲ ಎನ್ನುತ್ತೀಯಾ? ನನ್ನ ಕಿವಿಗಷ್ಟೇ ಹೇಳಿದ್ದು ಎನ್ನುತ್ತೀಯಾ? ಎನ್ನು. ನಾನು ನಂಬಿದ ಹಾಗೆ ಇರುತ್ತೇನೆ.

ಹೊರಗೆ ಬಂದಾಗ ಕೊನ್ರಾಡ್ ಬಾಗಿಲಲ್ಲಿ ನಿಂತಿದ್ದ. ಈ ಸಲ ಎಲ್ಲೋ ನೋಡಲಿಲ್ಲ. ನನ್ನ ಕೈಯಿಂದ ದಿಂಬು ತೆಗೆದುಕೊಂಡು ನಿಲ್ದಾಣದವರೆಗೆ ಹೊತ್ತು ನಡೆದ. ಹಿಮ ಕರಗಿ ದಾರಿಯೆಲ್ಲ ರಾಡಿ, ಇಬ್ಬರ ಬೂಟೂ ಒದ್ದೆ. ರೈಲು ಬರುವವರೆಗೆ ಅವನು ಆಡಿದ್ದು ಒಂದೇ ಮಾತು: “ನಾನೂ ಅವತ್ತು ಬಾಯಿ ಬಿಡ್ಬೇಕಿತ್ತು.” ಬಿಡಬೇಕಿತ್ತು ಎಂದೆ. ಇಬ್ಬರಿಗೂ ಹಗುರವಾಯಿತು.

ಆಸ್ತಾಗೆ ಇವತ್ತು ಬೆಳಗ್ಗೆ ಬರೆದು ಹಾಕಿದೆ. ಸೆಪ್ಟೆಂಬರಿಗೆ ಬರುತ್ತೇನೆ, ಗೂಡಿಗೆ ಹೀಟರ್ ಹಾಕಿಸಿ ಎಂದು. ನಿನಗೂ ಅವಳ ಬಳಿ ಒಂದು ಪಾತ್ರ ಇದೆಯಂತೆ. ಚಿಕ್ಕದು, ಮೂವತ್ತು ಸಾಲು. ಹಿಗ್ಗಬೇಡ.

ಮೊದಲ ದಿನದ ಒದೆಗೆ ಥ್ಯಾಂಕ್ಸ್ ಹೇಳಬಾರದು. ಕೊನೆಯ ದಿನಕ್ಕೆ ಅಂಥ ನಿಯಮ ಎಲ್ಲೂ ಇಲ್ಲ. ಆದ್ದರಿಂದ ಥ್ಯಾಂಕ್ಸ್, ಟೂರೆ.

ಈಸ್ಟರ್‌ಗೆ ಹೆರ್ನೊಸಾಂದ್‌ಗೆ ಬಾ. ಉಪ್ಪಿನಲ್ಲಿಟ್ಟ ಹೆರ್ರಿಂಗ್ ಇದೆ, ಏಲಕ್ಕಿ ಬನ್ನು ಮಾಡಿರುತ್ತೇನೆ, ಅದರ ಹೆಸರು ಬಾರದಿದ್ದರೆ ಬೆರಳು ತೋರಿಸಿದರೂ ಕೊಡುತ್ತೇನೆ. ನಿಲ್ದಾಣದಿಂದ ಬಲಕ್ಕೆ ತಿರುಗಿ ಮೂರನೆಯ ಹಳದಿ ಮನೆ, ಮೇಲಿನ ಮಹಡಿ. ಬಂದು ಹೊಸ್ತಿಲಲ್ಲಿ ನಿಲ್ಲಬೇಡ. ಬಾಗಿಲಿಗೆ ಚಿಲಕ ಹಾಕಿಲ್ಲ, ಒಳಗೆ ಬಾ.

ವೆಂಡ್ಲಾ